ಮೊದಲು ಇಳಿಯುವ ಹಕ್ಕಿ

“ಗುರುಗಳೇ, ಹನ್ನೊಂದು ಪುಸ್ತಕಗಳು ಹೌದೆನ್ನುವುದನ್ನು ನನ್ನ ಎರಡು ಕಣ್ಣು ಅಲ್ಲವೆನ್ನುತ್ತಿವೆ. ನಾನು ಯಾವುದನ್ನು ನಂಬಲಿ?” ಎಂದು ಶಿಷ್ಯ ಕೇಳಿದ.

ಶಿಷ್ಯನ ಹೆಸರು ಅಡಿವೆಪ್ಪ. ಹಕ್ಕಿಗಳ ನಡವಳಿಕೆಯ ಬಗ್ಗೆ ಎಲ್ಲರೂ ಓದಿ ತಿಳಿಯುವಂಥ ಒಂದು ಪುಸ್ತಕ ಬರೆಯುತ್ತಿದ್ದ. ಹಕ್ಕಿ ನೋಡುವುದನ್ನು ಅವನಿಗೆ ಕಲಿಸಿದವರು ಈ ಗುರುಗಳೇ. ಅವರೂ ಒಂದು ಕಾಲಕ್ಕೆ ಇಂಥ ಪುಸ್ತಕ ಬರೆದವರು. ಬರೆಯುವುದನ್ನು ಬಿಟ್ಟು ಬಹಳ ವರ್ಷವಾಗಿತ್ತು.

ಅಡಿವೆಪ್ಪನ ತೊಡಕು ಒಂದೇ ಹಕ್ಕಿಯದು. ಗುಲಾಬಿ ಕಬ್ಬಕ್ಕಿ ಚಳಿಗಾಲದಲ್ಲಿ ದೂರದ ದೇಶಗಳಿಂದ ಸಾವಿರಗಟ್ಟಲೆ ಬಂದು ಜೋಳದ ಹೊಲಕ್ಕೆ ಇಳಿಯುತ್ತದೆ. ಹಿಂಡಿನ ಮುದಿ ಹಕ್ಕಿಯೊಂದು ಮೊದಲು ತಾನೊಂದೇ ಇಳಿದು, ಕಾಳು ತಿಂದು ನೋಡಿ, ವಿಷವಿಲ್ಲವೆಂದು ತಿಳಿದ ಮೇಲೆ ಉಳಿದವನ್ನು ಕರೆಯುತ್ತದೆ. ಆ ಮುದಿ ಹಕ್ಕಿ ಸತ್ತರೆ ಹಿಂಡು ಆ ಹೊಲವನ್ನೇ ಬಿಟ್ಟು ಹೋಗುತ್ತದೆ. ಹೀಗೆಂದು ಪುಸ್ತಕಗಳು ಹೇಳುತ್ತಿದ್ದವು. ಅಡಿವೆಪ್ಪ ಐದು ಚಳಿಗಾಲ ಕಣ್ಣಿಗೆ ಎಣ್ಣೆ ಬಿಟ್ಟುಕೊಂಡು ಕಾದ. ಅಂಥ ಹಕ್ಕಿಯನ್ನು ಒಮ್ಮೆಯೂ ಕಾಣಲಿಲ್ಲ.

“ಸೋಮವಾರ ಹಸ್ತಪ್ರತಿ ಕೊಡಬೇಕು. ನನಗೂ ಸಾಕಾಗಿಹೋಗಿದೆ. ಎಲ್ಲರೂ ಬರೆದದ್ದನ್ನೇ ನಾನೂ ಬರೆದು ಕೈತೊಳೆದುಕೊಳ್ಳಲೇ?” ಎಂದ.

“ಪುಸ್ತಕಗಳು ಹನ್ನೊಂದೋ, ಹನ್ನೆರಡೋ?” ಎಂದು ಗುರುಗಳು ಕೇಳಿದರು.

ಅಡಿವೆಪ್ಪ ತಲೆ ತಗ್ಗಿಸಿದ. “ಹನ್ನೆರಡು.”

ಹನ್ನೆರಡನೆಯದರ ಹೆಸರನ್ನು ಅವನು ಹೇಳಲಿಲ್ಲ. ಅವರು ಕೇಳಲಿಲ್ಲ.

“ಕುಳಿತುಕೋ. ಒಂದು ಕತೆಯಿದೆ. ಇದುವರೆಗೆ ಯಾರಿಗೂ ಹೇಳಿದ್ದಲ್ಲ” ಎಂದು ಗುರುಗಳು ಹೇಳತೊಡಗಿದರು.

ಒಬ್ಬ ಪಂಡಿತನಿದ್ದ. ಹಕ್ಕಿಗಳ ಪುಸ್ತಕ ಬರೆಯುವುದು ಅವನ ಕೆಲಸ. ಮನುಷ್ಯ ಕೆಟ್ಟವನಲ್ಲ. ಕಣ್ಣಾರೆ ಕಾಣದೆ ಒಂದು ಸಾಲೂ ಬರೆಯಬಾರದೆಂಬ ನೇಮ ಇಟ್ಟುಕೊಂಡಿದ್ದ. ಆ ನೇಮದಿಂದ ಅವನ ಮೊಣಕಾಲು ಸವೆದಿದ್ದವು, ಮನೆಯವರು ರೋಸಿಹೋಗಿದ್ದರು.

ಬಯಲುಸೀಮೆಯ ಒಂದು ಊರಿನಲ್ಲಿ ಒಬ್ಬ ಹಕ್ಕಿ ಕಾಯುವವನಿದ್ದ. ಜೋಳ ತೆನೆಗೆ ಬಂದ ಮೇಲೆ ಹೊಲದ ನಡುವೆ ಅಟ್ಟಣಿಗೆ ಕಟ್ಟಿ, ಬೆಳಗಿನಿಂದ ಸಂಜೆಯವರೆಗೆ ಅದರ ಮೇಲೆ ನಿಂತು, ಕವಣೆಯಲ್ಲಿ ಕಲ್ಲು ಬೀಸಿ ಹಕ್ಕಿ ಓಡಿಸುವುದು ಅವನ ಕೆಲಸ. ಸುಗ್ಗಿಯಾದ ಮೇಲೆ ರೈತರು ಜೋಳ ಅಳೆದು ಕೊಡುತ್ತಿದ್ದರು. ಅವನ ಮನೆಯಲ್ಲಿ ವರ್ಷವೆಲ್ಲ ರೊಟ್ಟಿ ಬೇಯುತ್ತಿದ್ದದ್ದು ಅದರಿಂದಲೇ. ಕಲ್ಲು ಹಕ್ಕಿಗೆ ತಾಗಬಾರದು, ಅದರ ಮುಂದೆ ಬೀಳಬೇಕು. ಆ ಕಸುಬಿನಲ್ಲಿ ಕಲಿಯಬೇಕಾದದ್ದು ಅಷ್ಟೇ, ಕಲಿಯಲು ಅರ್ಧ ಆಯುಷ್ಯ ಬೇಕು. ಅಪ್ಪಿತಪ್ಪಿ ತಾಗಿದರೆ ಅವನಿಗೆ ಆ ದಿನ ಊಟ ಸೇರುತ್ತಿರಲಿಲ್ಲ.

ಹಕ್ಕಿಯನ್ನು ಪ್ರೀತಿಸುವ ನಮ್ಮಂಥವರು ಬೇಕಾದಾಗ ನೋಡುತ್ತೇವೆ, ದಣಿದಾಗ ಮನೆಗೆ ಬರುತ್ತೇವೆ. ಓಡಿಸುವವನು ಹಾಗೆ ಮಾಡುವಂತಿಲ್ಲ. ಅವನು ಕಣ್ಣು ಮಿಟುಕಿಸಿದರೆ ತೆನೆ ಖಾಲಿ. ಆದ್ದರಿಂದ ಅವನಿಗೆ ತಿಳಿದಷ್ಟು ಆ ಹಕ್ಕಿಯ ವಿಷಯ ಬೇರೆ ಯಾರಿಗೂ ತಿಳಿದಿರಲಿಲ್ಲ. ಪಂಡಿತ ಎರಡು ಚಳಿಗಾಲ ಆ ಅಟ್ಟಣಿಗೆಯ ಬುಡದಲ್ಲಿ ಕುಳಿತ. ಅವನು ಕೈ ತೋರಿಸಿದ ಕಡೆ ಇವನು ನೋಡಿದ. ನೋಡಿದ್ದನ್ನು ಬರೆದುಕೊಂಡ.

ಆ ಕಡೆ ಒಂದು ಪದ್ಧತಿಯಿದೆ. ಎಳೆಯ ಜೋಳದ ತೆನೆಯನ್ನು ಕೆಂಡದಲ್ಲಿ ಸುಟ್ಟು, ತಿಕ್ಕಿ ಬಿಡಿಸಿದ ಬಿಸಿ ಕಾಳಿಗೆ ಸೀತನಿ ಎನ್ನುತ್ತಾರೆ. ಹೊಲಕ್ಕೆ ಬಂದವರು ಯಾರೇ ಇರಲಿ, ಅವರ ಬೊಗಸೆಗೆ ಸೀತನಿ ಹಾಕದೆ ಕಳಿಸಬಾರದು. ಬರಿಗೈಯಲ್ಲಿ ಕಳಿಸಿದರೆ ಹೊಲದವನಿಗೆ ಅವಮಾನ. ಎರಡು ವರ್ಷವೂ ಪಂಡಿತ ಹೊಟ್ಟೆ ತುಂಬ ಸೀತನಿ ತಿಂದು ಬಸ್ಸು ಹತ್ತಿದ್ದ.

ಮೂರನೆಯ ವರ್ಷ ಪುಸ್ತಕ ಮುಗಿಯುತ್ತ ಬಂತು. ಕಬ್ಬಕ್ಕಿಯ ಅಧ್ಯಾಯಕ್ಕೆ ಕೊನೆಯ ಪುಟ ಮಾತ್ರ ಬಾಕಿ. ಬರೆದಿದ್ದೆಲ್ಲ ನಿಜ, ಆದರೆ ಸಪ್ಪೆ. ಓದುವವರ ಎದೆಗೆ ತಾಗುವ ಒಂದು ಮಾತು ಬೇಕಿತ್ತು. ಪ್ರಕಾಶಕರು ಅವಸರ ಮಾಡುತ್ತಿದ್ದರು. ಪಂಡಿತ ಆ ವರ್ಷ ಹೊತ್ತಿಗೆ ಮೊದಲೇ ಹೊರಟ. ಬಸ್ಸಿಳಿದು ಎರಡು ಗಂಟೆ ಬಿಸಿಲಲ್ಲಿ ನಡೆದ. ಹೊಲ ಮುಟ್ಟಿದಾಗ ತೆನೆ ಇನ್ನೂ ಹಾಲು ಹಿಡಿದಿರಲಿಲ್ಲ, ಹಕ್ಕಿಗಳೂ ಬಂದಿರಲಿಲ್ಲ. ಹಕ್ಕಿ ಕಾಯುವವನು ಅಟ್ಟಣಿಗೆಗೆ ಹಗ್ಗ ಬಿಗಿಯುತ್ತಿದ್ದ.

ದಾರಿಯಲ್ಲಿ ಮನಸ್ಸಿನಲ್ಲೇ ಕಟ್ಟಿಕೊಂಡು ಬಂದ ಮಾತನ್ನು ಪಂಡಿತ ನಿಂತಲ್ಲೇ ಕೇಳಿದ. ಹಿಂಡಿನಲ್ಲಿ ಮುದಿ ಹಕ್ಕಿಯೊಂದು ಮೊದಲು ಇಳಿದು ಕಾಳಿನ ರುಚಿ ನೋಡುತ್ತದೆ, ಅಲ್ಲವೇ? ಹಕ್ಕಿ ಕಾಯುವವನು ಅವನ ಮುಖದ ಬೆವರು ನೋಡಿದ. ಹೌದ್ರಿ ಎಂದ. ಅದು ಸತ್ತರೆ ಹಿಂಡು ಆ ಹೊಲಕ್ಕೆ ಬರುವುದಿಲ್ಲ, ಅಲ್ಲವೇ? ಹೌದ್ರಿ ಎಂದ. ಪಂಡಿತ ಬರೆದುಕೊಂಡು ಕೊನೆಯ ಬಸ್ಸು ಹಿಡಿದ. ನೋಡದೆ ಬರೆಯುತ್ತಿದ್ದೇನೆಂದು ಅವನಿಗೆ ಗೊತ್ತಿತ್ತು. ತುಂಬ ದಣಿದಿದ್ದ.

ಪುಸ್ತಕ ಬಂತು. ಜನ ಮೆಚ್ಚಿದರು. ಅದರಲ್ಲೂ ಆ ಕೊನೆಯ ಪುಟ ಎಲ್ಲರ ಬಾಯಲ್ಲಿ ಓಡಾಡಿತು. ತನ್ನವರಿಗಾಗಿ ಮೊದಲ ಕಾಳು ತಿನ್ನುವ ಮುದಿ ಹಕ್ಕಿ! ಮಕ್ಕಳಿಗೆ ಅದನ್ನೇ ಪಾಠ ಹೇಳಿದರು. ಬೇರೆಯವರು ತಮ್ಮ ಪುಸ್ತಕಗಳಿಗೆ ಅದನ್ನು ಎತ್ತಿಕೊಂಡರು, ಅವರಿಂದ ಇನ್ನೊಬ್ಬರು. ಕಡೆಗೆ ಅದು ಎಲ್ಲಿ ಹುಟ್ಟಿತೆಂದು ಕೇಳುವವರೇ ಇಲ್ಲದಂತಾಯಿತು.

ಪುಸ್ತಕ ಬಂದ ನಾಲ್ಕನೆಯ ಚಳಿಗಾಲಕ್ಕೆ ಆ ಮಾತು ಅದೇ ಊರಿಗೆ ಬಂತು. ರೈತರು ಕೇಳಿದರು, ಕೂಡಿ ಯೋಚಿಸಿದರು. ಮೊದಲು ಇಳಿಯುವ ಒಂದು ಹಕ್ಕಿಯನ್ನು ಹೊಡೆದರೆ ಸಾಕೆಂದಾದರೆ ದಿನವಿಡೀ ಮನುಷ್ಯನನ್ನು ನಿಲ್ಲಿಸುವುದೇಕೆ? ಊರಿಗೆಲ್ಲ ಒಬ್ಬ ಬಂದೂಕಿನವನನ್ನು ಕರೆಸಿದರು. ಅಟ್ಟಣಿಗೆಗಳನ್ನು ಬಿಚ್ಚಿದರು, ಅವುಗಳ ಕಂಬಗಳು ಒಲೆಗೆ ಹೋದವು. ಹಕ್ಕಿ ಕಾಯುವವನು ಮನೆ ಮನೆಗೂ ಹೋಗಿ ಬೇಡಿಕೊಂಡ. ಅದು ನನ್ನ ಬಾಯಿಂದಲೇ ಬಂದ ಮಾತು, ನಾನು ಕಾಣದೆ ಹೇಳಿದ್ದು ಎಂದ. ಜನ ನಕ್ಕರು. ಅಚ್ಚಾದ ಮಾತು ಇವನ ಬಾಯಿಂದ ಹೋಗಿರಬಹುದೆಂದು ಯಾರೂ ನಂಬಲಿಲ್ಲ.

ಬಂದೂಕಿನವನು ದಿನವೂ ಬೆಳಗ್ಗೆ ಮೊದಲು ಇಳಿದ ಹಕ್ಕಿಯನ್ನು ಹೊಡೆದ. ಹಿಂಡು ಒಮ್ಮೆ ಎದ್ದು, ಒಂದು ಸುತ್ತು ಹಾಕಿ, ಆಚೆ ಹೊಲಕ್ಕೆ ಇಳಿಯಿತು. ಮತ್ತೊಂದನ್ನು ಹೊಡೆದ. ಅವು ಮತ್ತೊಂದು ಹೊಲಕ್ಕೆ ಇಳಿದವು. ಹದಿನೈದು ದಿನಕ್ಕೆ ಊರ ಜೋಳ ಬರಿ ದಂಟಾಗಿ ನಿಂತಿತು. ಆ ವರ್ಷ ಹಕ್ಕಿ ಕಾಯುವವನಿಗೆ ಅಳೆದು ಕೊಡಲು ಜೋಳವೂ ಇರಲಿಲ್ಲ, ಅಳೆಯುವ ಕಾರಣವೂ ಇರಲಿಲ್ಲ.

ಅವನು ಸತ್ತ ಹಕ್ಕಿಗಳಲ್ಲಿ ಮೂರನ್ನು ಬಟ್ಟೆಯಲ್ಲಿ ಕಟ್ಟಿಕೊಂಡು ಪಂಡಿತನ ಊರಿಗೆ ಬಂದ. ವಿಳಾಸವನ್ನು ಪುಸ್ತಕದಿಂದಲೇ ಯಾರೋ ಓದಿ ಹೇಳಿದ್ದರು. ಪಂಡಿತನ ಮೇಜಿನ ಮೇಲೆ ಗಂಟು ಬಿಚ್ಚಿದ.

“ನೋಡ್ರಿ ಸಾಹೇಬ್ರ. ಒಂದಾದ್ರೂ ಮುದಿ ಹಕ್ಕಿ ಐತೇನು? ಎಲ್ಲಾ ಈ ವರ್ಷದ ಮರಿ. ಮೈಗೆ ಬಣ್ಣಾನ ಪೂರಾ ಬಂದಿಲ್ಲ. ಹಸಿವು ತಡೀಲಾರದ ಮೊದಲ ಇಳದಾವು, ಅಷ್ಟ.”

“ಮತ್ತೆ ಅವತ್ತು ಯಾಕೆ ಹೌದು ಅಂದೆ?”

“ಬಿಸಲಾಗ ನಡಕೊಂಡ ಬಂದಿದ್ರಿ. ಸೀತನಿ ಕೊಡೋಣ ಅಂದ್ರ ಕಾಳ ಕಟ್ಟಿರಲಿಲ್ಲ. ಬರಿಗೈಲೆ ಹ್ಯಾಂಗ ಕಳಸ್ಲಿ? ನೀವು ಕೇಳಿದ್ದು ಒಂದು ಹೌದು. ಅದನ್ನ ಕೊಟ್ಟೆ. ತಪ್ಪು ನಂದ ಐತ್ರಿ. ಆದ್ರ ಅದೊಂದು ಮಾತು ಹೊಡದ ಹಾಕ್ರಿ, ಮುಂದಿನ ವರ್ಷ ಮತ್ತ ಬಂದೂಕು ತರ್ತಾರ. ನಾ ಹೇಳಿದ್ರ ಯಾರೂ ಕೇಳೂದಿಲ್ಲ. ನೀವು ಬರದ್ರ ಕೇಳ್ತಾರ.”

ಪಂಡಿತ ಬಹಳ ಹೊತ್ತು ಆ ಮರಿಗಳನ್ನು ನೋಡಿದ. ಅಳು ಬಂತು. ಆದರೂ ಬಾಯಿಂದ ಬಂದದ್ದು ಬೇರೆ ಮಾತು. “ಮುಂದಿನ ಮುದ್ರಣದಲ್ಲಿ ನೋಡೋಣ” ಎಂದ.

ಹಕ್ಕಿ ಕಾಯುವವನು ಕೈಮುಗಿದು ಎದ್ದ. ತಾನು ಕಾಯುವ ಹೊಲಕ್ಕೆ ಬಂದವನಿಗೆ ಕೊಡಲು ಏನೂ ಇಲ್ಲದಾಗ ಇದ್ದದ್ದನ್ನು ಹುಡುಕಿ ಕೊಟ್ಟವನು ಅವನು. ಅವನನ್ನು ಪಂಡಿತ ಬರಿಗೈಯಲ್ಲಿ ಕಳಿಸಿದ.

ಮುಂದಿನ ಮುದ್ರಣದ ಹೊತ್ತು ಬಂತು. ಪಂಡಿತ ಆ ಪುಟದ ಮುಂದೆ ಲೇಖನಿ ಹಿಡಿದು ಕುಳಿತ. ಒಂದು ಗೆರೆ ಎಳೆದರೆ ಸಾಕಿತ್ತು. ಎಳೆದರೆ ಜನ ಯಾಕೆಂದು ಕೇಳುತ್ತಾರೆ. ಒಂದು ಸಾಲು ಸುಳ್ಳೆಂದ ಮೇಲೆ ಉಳಿದ ಸಾಲುಗಳನ್ನೂ ಕೇಳುತ್ತಾರೆ. ಎರಡು ಚಳಿಗಾಲ ನಿಜವಾಗಿ ನೋಡಿ ಬರೆದದ್ದನ್ನೂ ನಂಬದೇ ಹೋದಾರು. ನಾಳೆ ಎಂದುಕೊಂಡ. ಮರುದಿನವೂ ನಾಳೆ ಎಂದುಕೊಂಡ. ಪುಸ್ತಕ ಹಾಗೆಯೇ ಅಚ್ಚಾಯಿತು. ಬಯಲುಸೀಮೆಯಿಂದ ಮತ್ತೆ ಯಾರೂ ಬರಲಿಲ್ಲ. ಇವನೂ ಆ ಕಡೆಯ ಬಸ್ಸು ಹತ್ತಲಿಲ್ಲ. ಅಲ್ಲಿಂದ ಮುಂದೆ ಅವನಿಗೆ ಯಾವ ಹಕ್ಕಿಯ ಬಗ್ಗೆಯೂ ಬರೆಯಲು ಕೈ ಬರಲಿಲ್ಲ.

ಗುರುಗಳು ಕತೆ ನಿಲ್ಲಿಸಿ ಕನ್ನಡಕ ತೆಗೆದರು. ಹೊರಗೆ ಮರದಲ್ಲಿ ಯಾವುದೋ ಹಕ್ಕಿ ಕೂಗುತ್ತಿತ್ತು. ಅದು ಯಾವುದೆಂದು ಇಬ್ಬರಿಗೂ ಗೊತ್ತಿತ್ತು, ಇಬ್ಬರೂ ಅತ್ತ ನೋಡಲಿಲ್ಲ. ಅಡಿವೆಪ್ಪ ತನ್ನ ಹಸ್ತಪ್ರತಿಯ ಆ ಒಂದು ಹಾಳೆಯನ್ನು ಬೆರಳಲ್ಲಿ ಹಿಡಿದುಕೊಂಡೇ ಕುಳಿತಿದ್ದ. ಕೇಳಬೇಕೋ ಬೇಡವೋ ಎಂದು ತಡವರಿಸಿ, ಮೆಲ್ಲಗೆ ಕೇಳಿದ:

“ಆ ಪಂಡಿತರು ಆಮೇಲೆ ಏನು ಮಾಡಿದರು, ಗುರುಗಳೇ?”

“ಏನೂ ಮಾಡಲಿಲ್ಲಪ್ಪಾ, ನನ್ನ ಪುಸ್ತಕ ಓದಿದ ಮೇಲೂ ಹೊಲಕ್ಕೆ ಹೋಗಿ ನೋಡುವವನೊಬ್ಬ ಬಂದಾನೇ ಎಂದು ಮೂವತ್ತು ವರ್ಷದಿಂದ ಇಲ್ಲೇ ಕಾದು ಕುಳಿತಿದ್ದೇನೆ.”