ಬೀಸುವ ಕಲ್ಲಿಗೆ ಮೊದಲು ಮೊರ

"ಕೇಳ್ರಪ್ಪೋ ಕೇಳಿ! ನಮ್ಮ ಅರಸರ ನ್ಯಾಯ ಹುಳುಕು ಅನ್ನೋ ಎದೆಗಾರರು ಇದ್ದರೆ ಅರಮನೆಗೆ ಬನ್ನಿ! ಮೂರು ಒಗಟು. ಒಡೆದರೆ ಕೇಳಿದ್ದು ನಿಮ್ಮದು. ತಪ್ಪಿದರೆ ಸಂಜೆಗೆ ತಲೆ ನಮ್ಮದು!"

ಮೂಡಲಗಿರಿಯ ಬೀದಿಯಲ್ಲಿ ಡಂಗುರ ಹೊಡೆದಾಗ ಮೇದರ ಸಣ್ಣೀರಿ ಬಿದಿರು ಸೀಳುತ್ತಿದ್ದಳು. ಕತ್ತಿ ಕೆಳಗಿಟ್ಟಳು. ಅವಳ ಅಪ್ಪ ಬೈಲಪ್ಪನ ಕಾಲಿಗೆ ಕೋಳ ಬಿದ್ದು ಎರಡು ವರ್ಷವಾಗಿತ್ತು. ಅರಸ ರಣಸಿಂಗನ ರಾಜ್ಯದಲ್ಲಿ ಅದೇ ಕಟ್ಟಳೆ: ಯಾರೇ ದೂರು ತಂದರೂ ತಿರುಗಿಸಿ ಕಳಿಸುವ ಹಾಗಿಲ್ಲ, ವಿಚಾರಣೆ ಮುಗಿಯುವ ತನಕ ದೂರಿಸಿಕೊಂಡವನು ಸೆರೆಮನೆಯಲ್ಲಿ. ವಿಚಾರಣೆಯ ಸರದಿಯೋ, ದೇವರಿಗೇ ಪ್ರೀತಿ!

ಒಗಟು ಒಡೆಯಲು ಮೊದಲು ಹೋದವರು ಒಬ್ಬ ಪಂಡಿತರು. "ತುಂಬಿದ ಚೀಲ ಬಂತು. ಬೀಸಿದರೆ ಹಿಡಿ ಹಿಟ್ಟೂ ಇಲ್ಲ. ಚೀಲ ಹರಿದಿಲ್ಲ, ಇಲಿ ತಿಂದಿಲ್ಲ. ಏನಿತ್ತು ಅದರಲ್ಲಿ?" ಅಂದ ಅರಸ. ಪಂಡಿತರು ಕಣ್ಣು ಮುಚ್ಚಿ, "ಮಾಯೆ" ಅಂದರು. ಕಣ್ಣು ಬಿಡುವಷ್ಟರಲ್ಲಿ ಕೈ ಕಟ್ಟಿದ್ದರು.

ಆಮೇಲೆ ಬಂದವನು ಗೌಡರ ಮಗ. ಮೊದಲನೆಯದನ್ನು ಒಡೆದ. ಅರಸ ಎರಡನೆಯದು ಹಾಕಿದ: "ಬಡವ ತಂದರೂ ಸೈ, ಸಾಹುಕಾರ ತಂದರೂ ಸೈ. ಅರಮನೆ ಬಾಗಿಲು ದಾಟಿದ ಮೇಲೆ ಹಿಂದಕ್ಕೆ ಹೋಗೋದಿಲ್ಲ. ಏನದು?" ಗೌಡರ ಮಗ ಮೀಸೆ ತಿರುವಿ, "ಕಂದಾಯ!" ಅಂದ. ಸಭೆ ಕಿಸಕ್ಕೆಂದಿತು. ಅರಸ ನಗಲಿಲ್ಲ. ಅವನನ್ನೂ ಪಂಡಿತರ ಪಕ್ಕ ಕೂರಿಸಿದರು.

ಬಾಗಿಲಲ್ಲಿ ನಿಂತು ಎರಡೂ ಒಗಟು ಕೇಳಿಸಿಕೊಂಡಿದ್ದ ಸಣ್ಣೀರಿ ಮೂರನೆಯವಳಾಗಿ ಮುಂದೆ ಬಂದಳು, ಕಂಕುಳಲ್ಲಿ ಒಂದು ಹೊಸ ಮೊರ.

"ಮೊರ ಮಾರೋ ಸಂತೆ ಇದಲ್ಲ, ಹೆಣ್ಣೇ" ಅಂದ ಅರಸ.

"ಗೊತ್ತು ಬುದ್ಧಿ. ಸಂತೆಯಲ್ಲಿ ತಲೆ ಕೇಳೋದಿಲ್ಲ. ಚೀಲದಲ್ಲಿ ಇದ್ದದ್ದು ಜೊಳ್ಳು. ಬಾಗಿಲು ದಾಟಿ ಹಿಂದಕ್ಕೆ ಹೋಗದೆ ಇರೋದು ದೂರು. ನನ್ನಪ್ಪನ ಮೇಲಿನದೂ ಅಲ್ಲೇ ಕೊಳೀತಿದೆ. ಮೂರನೇದು ಹೇಳಿ."

ಅರಸನ ಮುಖ ಬಿಗಿಯಿತು. "ಎಸೆದರೂ ಅನ್ಯಾಯ, ಇಟ್ಟುಕೊಂಡರೂ ಅನ್ಯಾಯ. ಅಂಥದ್ದನ್ನು ಏನು ಮಾಡಬೇಕು? ನನ್ನಪ್ಪ ಸಾಯೋ ತನಕ ಕೇಳ್ತಿದ್ದರು. ಉತ್ತರ ಸಿಗದೇ ಬಂದ ದೂರನ್ನೆಲ್ಲ ಇಟ್ಟುಕೊಂಡರು."

"ಕೇರಬೇಕು" ಅಂದಳು ಸಣ್ಣೀರಿ, ಮೊರ ಎತ್ತಿ ಹಿಡಿದು. "ನನ್ನಪ್ಪನ ಮೇಲಿನ ದೂರು ಓದಿಸಿ."

ಕರಣಿಕ ಓಲೆ ತೆಗೆದ. ಉಗ್ರಾಣದ ಅಧಿಕಾರಿ ಮಲ್ಲರಸ ಬರೆಸಿದ್ದ: ಬೈಲಪ್ಪ ಉಗ್ರಾಣದ ಅಂಗಳದಲ್ಲಿ ಕೂತ, ಅರಸರ ರಾಗಿಯನ್ನು ಮೊರಕ್ಕೆ ಸುರಿದುಕೊಂಡ, ಮೇಲಕ್ಕೆ ಹಾರಿಸಿದ, ಸ್ವಲ್ಪ ಗಾಳಿಗೆ ಹೋಯಿತು.

"ಒಂದಕ್ಷರವೂ ಸುಳ್ಳಲ್ಲ ಬುದ್ಧಿ! ಮೊರ ಮಾರೋವಾಗ ಕೊಳ್ಳೋರ ಕಾಳನ್ನೇ ಕೇರಿ ತೋರಿಸೋದು ನಮ್ಮ ಮೇದರ ಪದ್ಧತಿ. ಗಾಳಿಗೆ ಹೋದದ್ದು ಹೊಟ್ಟು. ಎಲ್ಲಾ ನಿಜ ಅಂತಲೇ ಒಪ್ಪಿಕೊಳ್ಳಿ. ತಪ್ಪು ಎಲ್ಲಿದೆ, ತೋರಿಸಿ!" ಸಭೆಯಲ್ಲಿ ನಿಂತಿದ್ದ ಮಲ್ಲರಸನ ಕಡೆ ಬೆರಳು ಮಾಡಿದಳು. "ಅಳೆಯೋ ಬುಟ್ಟಿಗೆ ಕಳ್ಳತಳ ಹೆಣೆದು ಕೊಡು ಅಂದಿದ್ದ ಈ ಮಲ್ಲರಸ. ಅಪ್ಪ ಒಲ್ಲೆ ಅಂದ. ಮಾರನೇ ದಿನ ಈ ದೂರು."

ಮಲ್ಲರಸ ಗೋಡೆಯ ಚಿತ್ತಾರ ನೋಡತೊಡಗಿದ.

"ಹೀಗೆ ಎಸೀತಾ ಹೋದರೆ ನಿಜವಾದ ದೂರೂ ಹೊರಗೆ ಬಿದ್ದೀತು" ಅಂದ ಅರಸ. ದೂರಿನ ರಾಶಿಯಿಂದ ಬೇಕೆಂದೇ ಒಂದು ಓಲೆ ಹುಡುಕಿಸಿದ. "ಇದು ನಿನ್ನ ಸೋದರಮಾವ ಓಬಳನ ಮೇಲೆ. ನೆರೆಯವನ ಆಡು ಕದ್ದ ಅಂತ. ಸಾಕ್ಷಿ ಒಬ್ಬನೇ, ಅವನಿಗೂ ಕಣ್ಣು ಮಂಜು. ಕೇರು ನೋಡೋಣ."

ಸಣ್ಣೀರಿಯನ್ನು ಎತ್ತಿ ಆಡಿಸಿದ ಮಾವ ಅವನು.

"ಮಾವ ಕದ್ದನೋ ಇಲ್ಲವೋ ನಾನರಿಯೆ. ಕದ್ದದ್ದು ನಿಜವಾದರೆ ತಪ್ಪೇ. ಇದು ಮೊರದಲ್ಲೇ ಉಳೀಲಿ, ವಿಚಾರಣೆ ಆಗಲಿ. ಸಾಕ್ಷಿಯ ಕಣ್ಣು ನೋಡೋದು ವಿಚಾರಣೆ ಅನ್ನೋ ಬೀಸೋ ಕಲ್ಲಿನ ಕೆಲಸ. ಮೊರ ಹೊಟ್ಟನ್ನು ಮಾತ್ರ ಹಾರಿಸುತ್ತೆ. ಅನುಮಾನ ಇದ್ದರೆ ಕಾಳು ಅಂತಲೇ ಲೆಕ್ಕ."

ಅರಸ ಮೊರವನ್ನು ಕೈಗೆ ತೆಗೆದುಕೊಂಡ. "ಗೆದ್ದೆ" ಅಂದ. "ಏನು ಬೇಕು ಕೇಳು."

"ಈ ಇಬ್ಬರ ತಲೆ ಬಿಡಿ. ಅಪ್ಪನ ಕೋಳ ಬಿಚ್ಚಿಸಿ. ಈ ಮೊರವನ್ನು ನ್ಯಾಯದ ಚಾವಡಿಯಲ್ಲಿ ನೇತುಹಾಕಿ. ಯಾರ ಕಾಲಿಗೂ ಕೋಳ ಬೀಳೋ ಮುಂಚೆ ದೂರನ್ನು ಒಂದು ಸಲ ಕೇರಲಿ."

"ಆಯಿತು. ನ್ಯಾಯದ ಪೀಠದಲ್ಲಿ ನಿನಗೂ ಜಾಗ ಕೊಟ್ಟೆ."

"ಕೂರ್ತೀನಿ. ಮೊದಲು ನನ್ನದೊಂದು ಒಗಟಿದೆ" ಅಂದಳು ಸಣ್ಣೀರಿ, ತಲೆ ತಗ್ಗಿಸದೆ. "ಹೊಟ್ಟಿನಂಥ ಒಂದು ದೂರಿಗೆ ನನ್ನಪ್ಪನ ಎರಡು ವರ್ಷ ಹೋಯಿತು. ಅದನ್ನು ಯಾವ ಉಗ್ರಾಣದಿಂದ ಅಳೆದು ಕೊಡ್ತೀರಿ?"

ಅರಸ ಸಿಂಹಾಸನದಿಂದ ಇಳಿದ, ಕಾವಲಿನವನ ಕೈಯಿಂದ ಬೀಗದ ಕೈ ತಾನೇ ಇಸಿದುಕೊಂಡ, ಸೆರೆಮನೆಗೆ ನಡೆದ, ಬೈಲಪ್ಪನ ಮುಂದೆ ಮೊಣಕಾಲೂರಿ ಕೋಳ ಬಿಚ್ಚಿದ.

ಅವಳ ಒಗಟು ಮಾತ್ರ ಹಾಗೇ ಉಳಿಯಿತು. ಉತ್ತರ ಗೊತ್ತಿದ್ದವರು ಇದ್ದರೆ ಹೇಳಿ, ಬೈಲಪ್ಪ ಇನ್ನೂ ಕುಂಟುತ್ತಲೇ ನಡೆಯುತ್ತಾನೆ.