ಮಂಡಿಯಿಲ್ಲದ ಮನೆಯೊಡೆಯ

ಒಂದಾನೊಂದು ಕಾಲದಲ್ಲಿ, ದೇವರುಗಳು ಇನ್ನೂ ಬೆಟ್ಟ ಇಳಿದು ಬಂದು ಮನುಷ್ಯರ ಮನೆ ಬಾಗಿಲು ತಟ್ಟುತ್ತಿದ್ದ ಕಾಲ ಅದು, ಗ್ರೀಕರ ಸಮುದ್ರದಲ್ಲಿ ಒಂದು ಪುಟ್ಟ ದ್ವೀಪ ಇತ್ತಂತೆ. ಕಾಲು ಒಳಗೆ ಎಳ್ಕೋ ಕೂಸೆ, ಹೊದಿಕೆ ಸರಿ ಮಾಡ್ತೀನಿ. ಹಾಂ. ಆ ಕಡೆ ದ್ವೀಪಗಳನ್ನ ನಾನು ಕಂಡಿದ್ದೀನಿ, ಬರೀ ಕಲ್ಲು, ಆಡು, ಆಲಿವ್ ಮರ, ಸುತ್ತ ಕಣ್ಣು ಕುಕ್ಕೋ ನೀಲಿ ನೀರು, ಅದರಲ್ಲಿ ಒಂದು ಹನಿ ಕುಡಿಯೋಕಾಗಲ್ಲ. ಈ ದ್ವೀಪದಲ್ಲೂ ಅಷ್ಟೆ, ಸಿಹಿನೀರು ಅಂತ ಇದ್ದಿದ್ದು ಒಂದೇ ಒಂದು ಒರತೆ, ಅದೂ ಗುಡ್ಡದ ಗುಹೆಯೊಳಗೆ.

ಆ ಜನದ್ದು ಒಂದು ಪದ್ಧತಿ ಇತ್ತಂತೆ. ಬಾಗಿಲಿಗೆ ಭಿಕ್ಷುಕ ಬರಲಿ ರಾಜ ಬರಲಿ, ಮೊದಲು ಕಾಲಿಗೆ ನೀರು, ಆಮೇಲೆ ಊಟ, ಅದಾದ ಮೇಲೇನೇ ಯಾರಪ್ಪ ನೀನು, ಯಾವೂರು ಅಂತ ಕೇಳೋದು. ಒಂದ್ಸಲ ಆ ಮನೆ ನೀರು ಗಂಟಲಲ್ಲಿ ಇಳೀತು ಅಂದ್ರೆ ಮನೆಯವರು ಅತಿಥಿ ಮೇಲೆ, ಅತಿಥಿ ಮನೆಯವರ ಮೇಲೆ ಕೈ ಎತ್ತೋ ಹಾಗಿಲ್ಲ. ಹೊರಡೋವಾಗ ಒಂದು ಉಡುಗೊರೆ ಕೊಟ್ಟು ಕಳಿಸಬೇಕು, ಆದರೆ ಅತಿಥಿ ತಾನಾಗಿ ಇಂಥದ್ದೇ ಕೊಡಿ ಅಂತ ಬಾಯಿ ಬಿಡಬಾರದು. ಇದನ್ನೆಲ್ಲ ಕಾಯೋಕೆ ಮೇಲೆ ಝೀಯಸ್ ಕೂತಿದ್ದನಂತೆ, ಅವರ ದೇವರಾಜ, ನಮ್ಮ ಇಂದ್ರನ ಹಾಗೆ ಸಿಡಿಲು ಹಿಡ್ಕೊಂಡವನು. ಅವನ ಸಂಸಾರದ ವಿಚಾರ ಬೇಡ ಬಿಡು, ನೀನು ದೊಡ್ಡವಳಾದ ಮೇಲೆ ಹೇಳ್ತೀನಿ. ಈ ಒಂದು ವಿಷಯದಲ್ಲಿ ಮಾತ್ರ ಬಲು ಖಡಕ್ಕು.

ಆಮೇಲೆ ಏನಾಯ್ತು ಅಂದ್ರೆ, ಆ ಗುಹೆಯಲ್ಲಿ ಒರತೆ ಸುತ್ತಿಕೊಂಡು ನೂರಾರು ವರ್ಷದಿಂದ ಮಲಗಿದ್ದ ಒಬ್ಬ ಘಟಸರ್ಪ ಎದ್ದುಬಿಟ್ಟನಂತೆ. ಭೂಮಿತಾಯಿ ಹೆತ್ತ ಮಗ, ಒಂದೇ ಮೈ, ಮೂರು ತಲೆ. ಒಂದಕ್ಕೆ ಹಸಿವು, ಇನ್ನೊಂದಕ್ಕೆ ಅನುಮಾನ, ಮೂರನೇದಕ್ಕೆ ಮುಪ್ಪು. ಅವನಿಗೆ ಹೆದರಿ ಯಾರೂ ಒರತೆ ಕಡೆ ಸುಳೀಲಿಲ್ಲ, ಊರಿನ ಕೊಡಗಳೆಲ್ಲ ಬರಿದಾದವು, ಎಳೆ ಮಕ್ಕಳ ತುಟಿ ಒಡೆದವು.

ಆ ಊರಲ್ಲಿ ಒಬ್ಬ ತಾಯಿಗೆ ಮೂವರು ಮಕ್ಕಳಿದ್ದರಂತೆ. ದೊಡ್ಡವನು ಡೋರಸ್, ತೋಳು ಕಂಬದ ಹಾಗೆ. ಅವನು ಈಟಿ ಹಿಡಿದು ಗುಹೆಗೆ ನುಗ್ಗಿ, ಸರಿಯೋ ಆಚೆ, ನೀರು ನಮ್ದು ಅಂದನಂತೆ. ಗುಳುಂ. ಎರಡನೆಯವನು ಕಾಲಿಯಾಸ್, ತಂತಿ ಮೀಟಿ ಹಾಡಿದರೆ ಅಳೋ ಮಗು ಸುಮ್ಮನಾಗಬೇಕು. ಅವನು ಹಾವನ್ನ ಮಲಗಿಸಿ ಕೊಡ ತುಂಬ್ಕೋತೀನಿ ಅಂತ ಕಳ್ಳಹೆಜ್ಜೆ ಇಟ್ಟು ಒಳಗೆ ಹೋದನಂತೆ. ಎರಡು ತಲೆ ಮಲಗಿದವು, ಅನುಮಾನದ ತಲೆ ಎಲ್ಲಿ ಮಲಗುತ್ತೆ? ಗುಳುಂ.

ಸತ್ತೋದ್ರಾ ಅಜ್ಜಿ?

ಇಲ್ಲ ಕೂಸೆ, ಇಡೀ ಇಡೀ ನುಂಗಿದ್ದು, ಅಗಿದಿಲ್ಲ. ಮನೇಲಿ ಭಿಕ್ಷುಕನಿಗೂ ಕಾಲಿಗೆ ನೀರು ಕೊಡೋ ಹುಡುಗರು ನೋಡು, ಹಾವಿನ ಗುಹೆಯೂ ಒಂದು ಮನೆ ಅಂತ ಅವರಿಗೆ ಹೊಳೀಲೇ ಇಲ್ಲ.

ಆಮೇಲೆ ಉಳಿದವಳು ಕಿರಿಯ ಮಗಳು, ಕ್ರಿನೋ. ತಾಯಿ ಗಂಡುಮಕ್ಕಳ ಹಾಸಿಗೆ ಸುತ್ತಿಡದೆ ಹಾಗೇ ಬಿಟ್ಟು, ಅದರ ಪಕ್ಕದಲ್ಲೇ ಕೂತಿರ್ತಿದ್ದಳಂತೆ. ನಾನು ಹೋಗ್ತೀನಮ್ಮ ಅಂದ್ಳು ಕ್ರಿನೋ. ಬೇಡ ಅಂದ್ಳು ತಾಯಿ. ಹೋಗೇ ಹೋಗ್ತೀನಿ ಅಂದ ಮೇಲೆ, ಹಾಗಾದ್ರೆ ಅವನ ಮಂಡಿ ಹಿಡ್ಕೊಂಡು ಬೇಡ್ಕೊಳೇ, ಮಂಡಿ ಹಿಡಿದವರನ್ನ ನಮ್ಮ ಸೀಮೆಯಲ್ಲಿ ಯಾರೂ ನೂಕೋ ಹಾಗಿಲ್ಲ ಅಂತ ಹೇಳಿ ಕಳಿಸಿದಳಂತೆ.

ಹುಡುಗಿ ಗುಹೆ ಬಾಗಿಲಿಗೆ ಹೋಗಿ ಇಣುಕಿ ನೋಡ್ತಾಳೆ, ತಲೆಯಿಂದ ಬಾಲದ ತನಕ ನೋಡ್ತಾಳೆ, ಹಾವಿಗೆ ಮಂಡಿ ಎಲ್ಲಿದೆ? ಭಯದಲ್ಲೂ ಅವಳಿಗೆ ನಗು ಬಂತಂತೆ. ಒಂದು ಗಳಿಗೆ ಯೋಚನೆ ಮಾಡಿ, ಎರಡು ಹೆಜ್ಜೆ ಹಿಂದೆ ಬಂದು, ಬಾಗಿಲ ಬಂಡೆಯನ್ನ ಬೆರಳಲ್ಲಿ ಟಕ ಟಕ ಟಕ ಅಂತ ತಟ್ಟಿ, ಮನೇಲಿ ಯಾರಿದ್ದೀರಿ, ದಾರಿಹೋಕಳು ಬಂದಿದ್ದೀನಿ ಅಂದಳಂತೆ.

ಭೂಮಿ ಹುಟ್ಟಿದಾಗಿಂದ ಆ ಬಾಗಿಲು ಯಾರೂ ತಟ್ಟಿರಲಿಲ್ಲ ನೋಡು.

ಅನುಮಾನದ ತಲೆ ಸರಕ್ಕನೆ ಹೊರಗೆ ಬಂದು ಯಾರು ನೀನು ಅಂತು. ಕ್ರಿನೋ ಸೊಂಟಕ್ಕೆ ಕೈ ಇಟ್ಟು, ಬಾಯಿಗೆ ಹನಿ ನೀರು ಹಾಕೋ ಮೊದಲೇ ಹೆಸರು ಕೇಳೋದೇ ನಿಮ್ಮನೇಲಿ ಅಂದಳಂತೆ. ಆ ತಲೆ ತಬ್ಬಿಬ್ಬಾಯ್ತು. ಮುದಿ ತಲೆಗೆ ಮಾತ್ರ ನಾಚಿಕೆ ಆಗಿ, ತಪ್ಪಾಯ್ತಮ್ಮ, ಇವಕ್ಕೆ ಏನೂ ತಿಳಿಯಲ್ಲ, ನಾನು ಹೇಳಿದ್ರೆ ಕೇಳೋದೂ ಇಲ್ಲ, ಬಾ ಕೂತ್ಕೋ ಅಂತ ಒಂದು ಚಿಪ್ಪಿನಲ್ಲಿ ಒರತೆ ನೀರು ತುಂಬಿ ಬಾಯಲ್ಲಿ ಕಚ್ಚಿಕೊಂಡು ಬಂದು ಕೊಟ್ಟಿತಂತೆ. ಕ್ರಿನೋ ನಿಧಾನಕ್ಕೆ ಕುಡಿದಳು. ಹಸಿದ ತಲೆ ತಡೀಲಾರದೆ ಬಾಯಿ ತೆರೆದು ನುಗ್ಗಿತು ನೋಡು, ಮೋಡವಿಲ್ಲದ ಆಕಾಶದಲ್ಲಿ ಗುಡುಗು ಉರುಳಿತಂತೆ. ಝೀಯಸ್ ಗಂಟಲು ಸರಿಮಾಡಿಕೊಂಡಿದ್ದು. ಆ ತಲೆ ಮೆಲ್ಲಗೆ ಬಾಯಿ ಮುಚ್ಚಿಕೊಂಡಿತು.

ಆಮೇಲೆ ಹೊರಡೋ ಹೊತ್ತಾಯ್ತು. ಕ್ರಿನೋ ಹಾವಿನ ಹೊಟ್ಟೆ ಕಡೆ ನೋಡಿದಳು. ಅಣ್ಣಂದಿರು ಅಲ್ಲೇ, ಆ ಹೊಟ್ಟೆಯೊಳಗೇ ಇದ್ದಾರೆ, ಕೇಳೋ ಹಾಗಿಲ್ಲ. ಹಸಿದ ತಲೆ ಬಂಗಾರದ ಬಟ್ಟಲು ತಂದು ಮುಂದಿಟ್ಟಿತಂತೆ. ಇದನ್ನ ಇಡೋಕೆ ನಮ್ಮನೇಲಿ ಜಾಗ ಇಲ್ಲ ಅಂದ್ಳು. ಅನುಮಾನದ ತಲೆ ಕಡುಕೆಂಪು ರಾಜವಸ್ತ್ರ ತಂತು. ಇದಕ್ಕೂ ಜಾಗ ಇಲ್ಲ ಅಂದ್ಳು. ಮುದಿ ತಲೆ ಅವಳನ್ನೇ ದಿಟ್ಟಿಸಿ ನೋಡಿ, ಹಾಗಾದ್ರೆ ಯಾವುದಕ್ಕಮ್ಮ ನಿಮ್ಮನೇಲಿ ಜಾಗ ಇರೋದು ಅಂತ ಕೇಳಿತಂತೆ.

ಕ್ರಿನೋ ಹೇಳಿದಳಂತೆ, ಎರಡು ಹಾಸಿಗೆ ಖಾಲಿ ಇವೆ.

ಅಷ್ಟೇ. ಬೇಡಲಿಲ್ಲ, ಅಳಲಿಲ್ಲ. ಎಷ್ಟೋ ದೇಶದಲ್ಲಿ ಎಂಥೆಂಥ ಮಾತುಗಾರರನ್ನ ಕೇಳಿದ್ದೀನಿ ಕೂಸೆ, ಇದಕ್ಕಿಂತ ದೊಡ್ಡ ಮಾತು ಕೇಳಿಲ್ಲ.

ಮುದಿ ತಲೆ ಮಿಕ್ಕೆರಡು ತಲೆಗಳನ್ನ ಹಿಂದಕ್ಕೆ ಸರಿಸಿತು. ಆಮೇಲೆ ಇಡೀ ಮೈ ಮುದುಡಿ ಕೆಮ್ಮಿತಂತೆ, ಗುಡ್ಡ ಅಲ್ಲಾಡ್ತು, ಡೋರಸ್ ಬಿದ್ದ, ಅವನ ಮೇಲೆ ಕಾಲಿಯಾಸ್ ಬಿದ್ದ, ಮೈಯೆಲ್ಲ ಲೋಳೆ. ಡೋರಸ್ ಎದ್ದವನೇ ಈಟಿ ಎತ್ತಿದ. ಇಳಿಸೋ ಅಣ್ಣ, ನಾನು ಇವರ ಮನೆ ನೀರು ಕುಡಿದಿದ್ದೀನಿ ಅಂದ್ಳು ಕ್ರಿನೋ. ಈಟಿ ಇಳೀತು. ಮುದಿ ತಲೆ ಅದನ್ನೂ ನೋಡಿತು, ನೋಡಿ, ಬಾಗಿಲು ತಟ್ಟಿ ಬಂದವರಿಗೆ ಇಲ್ಲಿ ಯಾವತ್ತೂ ನೀರು ಉಂಟು ಅಂತು. ನೀವೂ ನಮ್ಮನೆಗೆ ಒಂದ್ಸಲ ಬರಬೇಕು ಅಂದಳಂತೆ ಹುಡುಗಿ.

ಬಂದನಾ ಅಜ್ಜಿ?

ಬಂದನಂತೆ. ಒಂದು ತಲೆ ಬಾಗಿಲಲ್ಲಿ, ಒಂದು ಕಿಟಕಿಯಲ್ಲಿ, ಒಂದು ಹೊಗೆಗೂಡಿನಲ್ಲಿ. ತಾಯಿ ಕಾಲಿಗೆ ನೀರು ತಂದಳು, ತಂದು ಕಾಲು ಹುಡುಕಿದಳು, ಹುಡುಕಿ ಹುಡುಕಿ ಸಾಕಾಗಿ ಮೂರು ಮುಖಾನೂ ತೊಳೆದು ಸೆರಗಲ್ಲಿ ಒರೆಸಿದಳಂತೆ. ಗಂಡುಮಕ್ಕಳಿಬ್ಬರೂ ಬಡಿಸಿದರು. ಉಂಡು ಮುಗಿಯೋ ತನಕ ನೀನು ಯಾರಪ್ಪ ಅಂತ ಯಾರೂ ಕೇಳಲಿಲ್ಲ.

ಆ ರಾತ್ರಿ ಎಲ್ಲ ಹಾಸಿಗೆ ತುಂಬಿದವು, ಎಲ್ಲ ಕೊಡ ತುಂಬಿದವು. ಅಲ್ಲಿಗೆ ಕತೆಯೂ ಉಂಡು, ಕೈ ತೊಳ್ಕೊಂಡು, ಮಲಗ್ತು. ಮುಗೀತು ಕೂಸೆ, ನೀನೂ ಮಲಕ್ಕೋ.