ನಲವತ್ತನಾಲ್ಕು ಇಂಚು

ಕಪಿಲಾ ನದಿಯ ದಂಡೆಯಲ್ಲಿ ಒಂದು ಆಶ್ರಮ. ಅಲ್ಲಿ ಮಲ್ಲಾಜಮ್ಮ ಎಂಬ ಹಿರಿಯ ಹೆಂಗಸು ಹೊಲಿಗೆ ಕಲಿಸುತ್ತಿದ್ದರು.

ಪ್ರವಚನ ಮಾಡುವುದು ಅವರಿಗೆ ಬರುತ್ತಿರಲಿಲ್ಲ. ಬಟ್ಟೆ ಕತ್ತರಿಸುವುದು ಬರುತ್ತಿತ್ತು.

ಅವರದೊಂದು ನೇಮವಿತ್ತು. ಕಲಿತು ಮುಗಿಸಿದವಳು ಕೊನೆಗೆ ತನಗಾಗಿ ಒಂದು ಉಡುಪು ಹೊಲಿದುಕೊಳ್ಳಬೇಕು. ತನ್ನ ಅಳತೆಯನ್ನು ತಾನೇ ತೆಗೆದುಕೊಳ್ಳಬೇಕು. ಅದನ್ನು ತೊಟ್ಟು ನದಿಯ ಮೆಟ್ಟಿಲಿಳಿದು ಒಂದು ಕೊಡ ನೀರು ತರಬೇಕು. ಆಮೇಲೆ ಪಂಕ್ತಿಯಲ್ಲಿ ಎಲ್ಲರ ಜೊತೆ ಚಕ್ಕಳಮಕ್ಕಳ ಹಾಕಿ ಕೂತು ಉಣ್ಣಬೇಕು.

ಬಟ್ಟೆ ಇಷ್ಟಕ್ಕೆಲ್ಲ ತಡೆದುಕೊಂಡರೆ ಅವಳು ಹೊರಗೆ ಹೋಗಿ ಕಲಿಸಬಹುದು. ಇಲ್ಲವಾದರೆ ಇಲ್ಲ.

ಚಿಕ್ಕತಾಯಿ ಅಲ್ಲಿ ನಾಲ್ಕು ವರ್ಷ ಕಲಿತಿದ್ದಳು. ಯಾರ ಮೈಗಾದರೂ ಹೊಲಿಯುತ್ತಿದ್ದಳು, ತನ್ನದೊಂದು ಬಿಟ್ಟು.

ಅವಳ ಮೈ ಸೊಂಟದಿಂದ ಮೇಲೆ ಸಣ್ಣ, ಕೆಳಗೆ ಅಗಲ. ಸೆರಗನ್ನು ಸದಾ ಸುತ್ತಿಕೊಂಡು ಹಿಡಿದಿರುತ್ತಿದ್ದಳು. ಜೊತೆಯಲ್ಲಿ ಕಲಿಯುತ್ತಿದ್ದ ಪುಟ್ಟಗೌರಿ ಅವಳಿಗೆ ತಂಬೂರಿ ಎಂದು ಹೆಸರಿಟ್ಟಿದ್ದಳು.

ಎಲ್ಲರೂ ನಗುತ್ತಿದ್ದರು. ಚಿಕ್ಕತಾಯಿ ಎಲ್ಲರಿಗಿಂತ ಮೊದಲೇ ನಗುತ್ತಿದ್ದಳು.

ಒಂದು ಗುರುವಾರ ಪೇಟೆಯಿಂದ ಕಾಗದ ಬಂತು. ಅಲ್ಲಿನ ಹೊಲಿಗೆ ಶಾಲೆಗೆ ಚೂಡಿದಾರ ಹೊಲಿಯುವುದನ್ನು ಹೇಳಿಕೊಡುವ ಟೀಚರು ಬೇಕಾಗಿತ್ತು. ಸೋಮವಾರವೇ ಬರಬೇಕು. ಮಲ್ಲಾಜಮ್ಮ ಯಾರ ಹೆಸರು ಬರೆದು ಕಳಿಸಿದರೂ ಸರಿ.

ಚಿಕ್ಕತಾಯಿಯನ್ನು ಗಂಡ ಬಿಟ್ಟು ಆರು ವರ್ಷವಾಗಿತ್ತು. ಹಬ್ಬಕ್ಕೆ ಹೋದರೆ ಅಣ್ಣನ ಮನೆಯಲ್ಲಿ ಅತ್ತಿಗೆ, "ಯಾವಾಗ ಹೊರಡ್ತೀಯ?" ಎಂದೇ ಮಾತು ಶುರುಮಾಡುತ್ತಿದ್ದಳು. ತನ್ನದು ಅಂತ ಒಂದು ಕೋಣೆ, ಅದಕ್ಕೊಂದು ಬೀಗ, ಇಷ್ಟು ಬೇಕಾಗಿತ್ತು ಅವಳಿಗೆ.

"ನಾನು ಹೋಗ್ತೀನಿ, ಅಮ್ಮಾವ್ರೆ."

"ನೇಮ ಗೊತ್ತಲ್ಲ?"

"ಗೊತ್ತು."

"ಸೋಮವಾರಕ್ಕೆ ನಾಲ್ಕೇ ದಿನ," ಎಂದರು ಮಲ್ಲಾಜಮ್ಮ.

ಚಿಕ್ಕತಾಯಿ ಬಾಗಿಲು ಹಾಕಿಕೊಂಡು ಟೇಪು ಹಿಡಿದಳು. ಎದೆ, ನಡು, ಹೆಗಲು ಎಲ್ಲ ಸಲೀಸಾಗಿ ಬಂದವು. ಸೊಂಟದ ಕೆಳಗೆ, ಮೈ ಎಲ್ಲಕ್ಕಿಂತ ಅಗಲವಾಗಿರುವಲ್ಲಿ, ಟೇಪು ನಲವತ್ತನಾಲ್ಕು ಇಂಚು ತೋರಿಸಿತು.

ಉಸಿರು ಹಿಡಿದು ಟೇಪು ಬಿಗಿದಳು. ನಲವತ್ತೆರಡು.

ಅಳತೆ ಪುಸ್ತಕದಲ್ಲಿ ನಲವತ್ತು ಎಂದು ಬರೆದಳು.

ಶುಕ್ರವಾರ ಚೂಡಿದಾರ ತಯಾರಾಯಿತು. ತೊಟ್ಟು, ಕೊಡ ಹಿಡಿದು, ಮೆಟ್ಟಿಲಿಳಿದಳು. ಮೂರನೆಯ ಮೆಟ್ಟಿಲಿಗೆ ಪಕ್ಕದ ಹೊಲಿಗೆ ಪರ್ರನೆ ಬಿಟ್ಟಿತು.

ಮೇಲಿನಿಂದ ಪುಟ್ಟಗೌರಿ ಕೂಗಿದಳು. "ಏ ತಂಬೂರಿ, ತಂತಿ ಹರೀತಾ?"

ಮಲ್ಲಾಜಮ್ಮ ಹರಿದ ಜಾಗವನ್ನು ತಿರುಗಿಸಿ ತಿರುಗಿಸಿ ನೋಡಿದರು.

"ದಾರ ಚೆನ್ನಾಗಿದೆ. ಹೊಲಿಗೆ ಚೆನ್ನಾಗಿದೆ. ಎಷ್ಟು ಬರೆದೆ?"

"ನಲ್ವತ್ತು."

"ಟೇಪು ಎಷ್ಟು ಅಂದಿತ್ತು?"

ಚಿಕ್ಕತಾಯಿ ಹರಿದ ಜಾಗವನ್ನು ಕೈಯಿಂದ ಮುಚ್ಚಿಕೊಂಡಳು.

"ಗಿರಾಕಿ ಅಳತೆ ಆಗಿದ್ರೆ ಎಷ್ಟು ಬರೀತಿದ್ದೆ?"

"ಇದ್ದಷ್ಟೇ ಬರೀತಿದ್ದೆ, ಅಮ್ಮಾವ್ರೆ."

"ಗಿರಾಕಿ ಅಂದ್ರೆ ಅಷ್ಟು ಮರ್ಯಾದೆ," ಎಂದು ಹೇಳಿ ಮಲ್ಲಾಜಮ್ಮ ಎದ್ದುಹೋದರು.

ಚಿಕ್ಕತಾಯಿ ಹಟದವಳು. ಆ ದಿನವೇ ಬೇರೆ ಬಟ್ಟೆ ಹಾಸಿದಳು. ಈ ಸಲ ಟೇಪು ಬಿಗಿಯಲಿಲ್ಲ. ಸಡಿಲವಾಗಿಯೇ ಕತ್ತರಿಸಿದಳು. ಆದರೆ ಹಿಂಭಾಗವನ್ನು ಮುಚ್ಚಬೇಕಲ್ಲ, ಅದಕ್ಕೆ ಅಂಗಿಯನ್ನು ಸರಿಯಾಗಿ ಸೊಂಟದ ಆ ಅಗಲದವರೆಗೆ ತಂದು ನಿಲ್ಲಿಸಿದಳು. ಸಾಲದೆಂದು ಕೆಳಗಿನ ಅಂಚಿಗೆ ನಾಲ್ಕು ಬೆರಳಗಲದ ಕಪ್ಪು ಪಟ್ಟಿ ಕೊಟ್ಟಳು. ಕಪ್ಪು ಬಣ್ಣದಲ್ಲಿ ಮೈ ಸಣ್ಣಗೆ ಕಾಣುತ್ತದೆ ಎಂದು ಎಲ್ಲೋ ಕೇಳಿದ್ದಳು.

ಶನಿವಾರ ಮೆಟ್ಟಿಲಿಳಿದಳು, ಹತ್ತಿದಳು. ಕೊಡ ತುಂಬಿ ಬಂತು. ಹೊಲಿಗೆ ಬಿಡಲಿಲ್ಲ.

ಊಟದ ಮನೆಯ ಬಾಗಿಲಲ್ಲಿ ಮಲ್ಲಾಜಮ್ಮ ಅಡ್ಡ ನಿಂತರು. ಕೈಯಲ್ಲಿ ಬಟ್ಟೆಗೆ ಗುರುತು ಹಾಕುವ ನೀಲಿ ಚಾಕ್ ಇತ್ತು. ಸುಣ್ಣ ಬಳಿದ ಗೋಡೆಯ ನಡುಮಧ್ಯೆ, ಆ ಕೊನೆಯಿಂದ ಈ ಕೊನೆಗೆ, ದಪ್ಪನೆಯ ಗೆರೆಯೊಂದನ್ನು ಎಳೆದರು.

"ಏನು ಕಾಣ್ತದೆ?"

"ಗೆರೆ."

"ಎಳೆಯೋಕೆ ಮುಂಚೆ ಅಲ್ಲಿ ಏನು ಕಾಣ್ತಿತ್ತು?"

ಚಿಕ್ಕತಾಯಿ ಗೋಡೆಯನ್ನು ನೋಡಿದಳು. "ಅಲ್ಲಿಗೆ ನಾನು ಕಣ್ಣು ಹಾಯಿಸಿಯೇ ಇರಲಿಲ್ಲ."

ಮಲ್ಲಾಜಮ್ಮ ಅವಳ ಸೊಂಟದ ಮೇಲಿನ ಕಪ್ಪು ಪಟ್ಟಿಯನ್ನು ನೋಡಿದರು.

ಚಿಕ್ಕತಾಯಿಗೆ ರೇಗಿತು. ನಾಲ್ಕು ವರ್ಷದಲ್ಲಿ ಮೊದಲನೆಯ ಸಲ ದನಿ ಏರಿಸಿದಳು.

"ಬಿಗಿ ಮಾಡಿದ್ರೆ ಹರೀತದೆ. ಮುಚ್ಚಿದ್ರೆ ಕಾಣ್ತದೆ. ನಾನೇನು ಸೊಂಟ ಕತ್ತರಿಸ್ಕೊಳ್ಳಲಾ? ನಿಮ್ಮ ಮೈ ನನ್ನ ಥರ ಇದ್ದಿದ್ರೆ ನಿಮಗೂ ಗೊತ್ತಾಗ್ತಿತ್ತು!"

ಒಳಗೆ ಎಲೆ ಹಾಕುತ್ತಿದ್ದವರು ಕೈ ನಿಲ್ಲಿಸಿದರು.

"ಟೇಪು ತಾ," ಎಂದರು ಮಲ್ಲಾಜಮ್ಮ.

ತಂದಳು.

"ನನ್ನ ಅಳತೆ ತಗೋ."

"ಅಮ್ಮಾವ್ರೆ, ಬಾಯಿತಪ್ಪಿ ಬಂತು..."

"ತಗೋ ಅಂದೆ."

ಚಿಕ್ಕತಾಯಿ ಬಗ್ಗಿ ಗುರುವಿನ ಸೊಂಟದ ಸುತ್ತ ಟೇಪು ತಂದಳು. ಓದಿದಳು. ನಂಬಿಕೆಯಾಗದೆ ಬಿಚ್ಚಿ ಇನ್ನೊಂದು ಸಲ ಸುತ್ತಿದಳು.

"ಜೋರಾಗಿ ಹೇಳು."

"ನಲ್ವತ್ತೈದು."

ಅವಳು ತಲೆಯೆತ್ತಿ ಗುರುವನ್ನು ನೋಡಿದಳು. "ನಾಲ್ಕು ವರ್ಷದಿಂದ ದಿನಾ ನಿಮ್ಮನ್ನ ನೋಡ್ತಿದ್ದೀನಿ."

"ಏನು ನೋಡಿದೆ?"

ಚಿಕ್ಕತಾಯಿ ನೆನಪು ಮಾಡಿಕೊಂಡಳು. "ರವಿಕೆ ಕತ್ತಿನ ಆ ಕೆಂಪು ಕಸೂತಿ. ಹೆಗಲಿನ ಮೇಲೆ ತೋಳು ಕೂತಿರೋ ರೀತಿ. ಬೈಯುವಾಗ ನಿಮ್ಮ ಮುಖ."

"ಮತ್ತೆ?"

"ಸೀರೆ ನೆರಿಗೆ ನಡುವಿನಿಂದ ಪಾದದವರೆಗೂ ಒಂದೇ ಸಮನೆ ಇಳಿದಿರ್ತದೆ. ಎಲ್ಲೂ ನಿಲ್ಲೋದಿಲ್ಲ. ಅಷ್ಟೆ."

"ನಲ್ವತ್ತೈದು ಅಂತ ಪುಸ್ತಕದಲ್ಲಿ ಬರಕೋ. ಪಕ್ಕದಲ್ಲಿ ನನ್ನ ಹೆಸರು ಬರಿ. ದುಂಡಗೆ ಬರಿ, ಎಲ್ಲರೂ ಓದೋ ಹಾಗೆ."

ಭಾನುವಾರ ಬೆಳಿಗ್ಗೆ ಚಿಕ್ಕತಾಯಿ ಬಾಗಿಲು ಹಾಕದೆ ಅಳತೆ ತೆಗೆದುಕೊಂಡಳು. ಹಾದುಹೋಗುತ್ತಿದ್ದ ಪುಟ್ಟಗೌರಿ ಇಣುಕಿದಳು.

"ಎಷ್ಟಂತೆ ತಂಬೂರಿ?"

"ನಲ್ವತ್ನಾಲ್ಕು," ಎಂದಳು ಚಿಕ್ಕತಾಯಿ, ಬರೆಯುತ್ತಲೇ.

ಪುಟ್ಟಗೌರಿ ಹೊಸ್ತಿಲಲ್ಲೇ ನಿಂತಳು.

"ನಂದು ಎದೆ ಬರೀ ಇಪ್ಪತ್ತೆಂಟು ಕಣೆ," ಎಂದಳು ಕೊನೆಗೆ. ಅವಳ ಅಳತೆಯನ್ನು ಯಾರೂ ಕೇಳಿರಲಿಲ್ಲ.

"ಬಾ ಇಲ್ಲಿ. ಆ ತುದಿ ಹಿಡಕೋ, ಬಟ್ಟೆ ಜಾರ್ತಿದೆ," ಎಂದಳು ಚಿಕ್ಕತಾಯಿ.

ತಿಳಿ ಹಳದಿ ಬಟ್ಟೆ. ಹೆಗಲನ್ನು ಕೂದಲೆಳೆಯಷ್ಟೂ ಜಾರದ ಹಾಗೆ ಕೂರಿಸಿದಳು. ಕತ್ತನ್ನು ಅಗಲವಾಗಿ ತೆಗೆದು ಸುತ್ತ ಹಸಿರು ದಾರದಲ್ಲಿ ಬಳ್ಳಿ ಹಾಕಿದಳು. ನಡುವನ್ನು ಇದ್ದ ಹಾಗೆ ಹಿಡಿದಳು. ಅಲ್ಲಿಂದ ಕೆಳಕ್ಕೆ ಬಟ್ಟೆಯನ್ನು ಬಿಡಿಸುತ್ತ ಹೋಗಿ, ಅಗಲವಾದ ಜಾಗವನ್ನು ದಾಟಿಸಿ, ಮಂಡಿಯ ಕೆಳಗೆ ಮುಗಿಸಿದಳು. ಸೊಂಟದ ಮೇಲೆ ಪಟ್ಟಿ ಇಲ್ಲ, ಜೇಬಿಲ್ಲ, ಗುಂಡಿಯಿಲ್ಲ. ಪಕ್ಕದ ಸೀಳನ್ನೂ ಆ ಅಗಲ ಕಳೆದ ಮೇಲೆಯೇ ಬಿಟ್ಟಳು. ಕೂತೇಳುವುದಕ್ಕೆಂದು ನಲವತ್ತನಾಲ್ಕರ ಮೇಲೆ ಮೂರು ಇಂಚು ಸೇರಿಸಿದಳು. ಕೆಳಗೆ ತೊಡುವ ಪ್ಯಾಂಟಿಗೆ ಕಡುನೀಲಿ ಬಟ್ಟೆ ತೆಗೆದುಕೊಂಡಳು.

ಸಂಜೆ ತೊಟ್ಟು ಮೆಟ್ಟಿಲಿಳಿದಳು. ಬಟ್ಟೆ ಒಗೆಯುತ್ತಿದ್ದ ಹೆಂಗಸೊಬ್ಬಳು ತಲೆಯೆತ್ತಿದಳು.

"ಅಕ್ಕಾ, ಕತ್ತಿಗೆ ಆ ಬಳ್ಳಿ ಹಾಕಿಕೊಟ್ಟೋರು ಯಾರು?"

"ನಾನೇ."

ಕೊಡ ಹೊತ್ತು ಮೇಲೆ ಬಂದಳು. ಪಂಕ್ತಿಯಲ್ಲಿ ತನ್ನ ಎಲೆಯ ಮುಂದೆ ಕೂತಳು.

ಮಲ್ಲಾಜಮ್ಮ ಎದುರಿಗೆ ಬಂದು ನಿಂತರು. ಅವರ ಕೈಯಲ್ಲಿ ಲಕೋಟೆ ಇತ್ತು. ಮೇಲೆ ಪೇಟೆಯ ಹೊಲಿಗೆ ಶಾಲೆಯ ವಿಳಾಸ.

ಚಿಕ್ಕತಾಯಿ ಕೈ ಚಾಚಿದಳು. ಅವರು ಕೊಡಲಿಲ್ಲ.

"ಹೊಲಿಗೆ ಎಲ್ಲಾದ್ರೂ ಬಿಟ್ಟಿದೆಯಾ, ಅಮ್ಮಾವ್ರೆ?"

"ಇಲ್ಲ. ಕೂತೇಳೋಕೆ ಎಷ್ಟು ಬಿಟ್ಟೆ?"

"ಮೂರು ಇಂಚು."

"ಯಾರಿಗೆ?"

ಚಿಕ್ಕತಾಯಿ ತನ್ನ ಮಂಡಿಗಳನ್ನು ನೋಡಿಕೊಂಡಳು. ಎರಡನ್ನೂ ಒಂದಕ್ಕೊಂದು ಒತ್ತಿ, ಅಂಗಿಯ ಅಂಚನ್ನು ತೊಡೆಯಡಿಗೆ ಸೇರಿಸಿ, ಚಾಪೆಯ ಅರ್ಧದಲ್ಲಿ ಮುದುರಿ ಕೂತಿದ್ದಳು.

ಅಂಚನ್ನು ಬಿಟ್ಟಳು. ಮಂಡಿಗಳನ್ನು ಅಗಲಿಸಿ ಚಕ್ಕಳಮಕ್ಕಳ ಹಾಕಿ, ಚಾಪೆಯ ತುಂಬ ಕೂತಳು. ಹಳದಿ ಬಟ್ಟೆ ಎರಡೂ ಕಡೆ ಹರಡಿಕೊಂಡಿತು. ಹೊಲಿಗೆ ಸುಮ್ಮನಿತ್ತು.

ಪುಟ್ಟಗೌರಿ ಅನ್ನ ಬಡಿಸಿದಳು. ಚಿಕ್ಕತಾಯಿ ಕಲಸಿ ಮೊದಲ ತುತ್ತು ಉಂಡಳು.

ಮಲ್ಲಾಜಮ್ಮ ಲಕೋಟೆಯನ್ನು ಎಲೆಯ ಪಕ್ಕದಲ್ಲಿಟ್ಟರು.

"ಏನು ಬರೆದಿದ್ದೀರಿ, ಅಮ್ಮಾವ್ರೆ?"

"ನಮ್ಮ ಟೀಚರು ಬರ್ತಿದ್ದಾರೆ, ಅಗಲವಾದ ಕುರ್ಚಿ ಹಾಕಿಸಿ ಅಂತ."